ಮನೆ ತುಂಬ ಜನ, ಮಾತಾಡೋಕೆ ಒಬ್ಬರೂ ಇಲ್ಲ

ಪ್ರಶ್ನೆ: ನನಗೆ 42 ವರ್ಷ. ತವರು ಗದಗ. ಮದುವೆಯಾಗಿ ಹುಬ್ಬಳ್ಳಿಗೆ ಬಂದೆ. ಮೊದಲು ಹಳೇ ಹುಬ್ಬಳ್ಳಿಯ ಓಣಿಯೊಂದರಲ್ಲಿ ಬಾಡಿಗೆಗಿದ್ದೆವು. ನಾಲ್ಕು ವರ್ಷದ ಹಿಂದೆ ಗೋಕುಲ ರಸ್ತೆಯ ಕಡೆ ಸ್ವಂತ ಫ್ಲ್ಯಾಟ್ ಕೊಂಡೆವು. ನಾನು ಧಾರವಾಡದ ಒಂದು ಕಾಲೇಜಿನ ಆಫೀಸಿನಲ್ಲಿ ಲೆಕ್ಕಪತ್ರ ನೋಡುತ್ತೇನೆ. ಹೊಸೂರಿಗೆ ಬಂದು ದಿನಾ ಚಿಗರಿ ಬಸ್ ಹತ್ತುತ್ತೇನೆ. ಯಜಮಾನರಿಗೆ ಔಷಧ ಕಂಪನಿಯ ಕೆಲಸ, ವಾರದಲ್ಲಿ ನಾಲ್ಕು ದಿನ ಊರೂರು ತಿರುಗುತ್ತಾರೆ. ಅತ್ತೆ, ಹತ್ತನೇ ತರಗತಿಯ ಮಗಳು, ಆರನೇ ತರಗತಿಯ ಮಗ ಇದ್ದಾರೆ. ಯಾವುದಕ್ಕೂ ಕೊರತೆ ಇಲ್ಲ. ಆದರೂ ರಾತ್ರಿ ಅಡುಗೆಮನೆ ಒರೆಸಿ ಲೈಟ್ ಆರಿಸುವಾಗ, ಇವತ್ತು ಯಾರ ಜೊತೆ ಮಾತಾಡಿದೆ ಅಂತ ಯೋಚಿಸಿದರೆ ಒಬ್ಬರೂ ನೆನಪಾಗುವುದಿಲ್ಲ. ಟಿಫಿನ್ ಮಾತು, ಬಿಲ್ಲಿನ ಮಾತು, ಟ್ಯೂಷನ್ ಮಾತು, ಅಷ್ಟೇ. ಮನೆಯವರಿಗೆ ಹೇಳಿದರೆ 'ನಿನಗೇನ ಕಡಿಮಿ ಆಗೇತಿ?' ಅಂತಾರೆ. ಎರಡು ವರ್ಷದ ಮೇಲೆ ಗದಗಿನ ಹಳೇ ಗೆಳತಿಗೆ ಫೋನ್ ಮಾಡಿದೆ. 'ಏನವಾ, ಏನ್ ಕೆಲಸ ಇತ್ತು?' ಅಂದಳು. ಮತ್ತೆ ಮಾಡಲಿಲ್ಲ. ಈಗ ಎಲ್ಲರೂ ಮಲಗಿದ ಮೇಲೆ ಮೊಬೈಲಿನ ಎಐ ಆ್ಯಪ್‌ನಲ್ಲಿ ಮನಸ್ಸಿನ ಮಾತು ಬರೆಯುತ್ತೇನೆ. ಹೇಳಿಕೊಳ್ಳಲು ನಾಚಿಕೆ. ಇದು ಖಿನ್ನತೆಯಾ? ನನ್ನ ಸ್ವಭಾವವೇ ಸರಿ ಇಲ್ಲವಾ? ಫ್ಲ್ಯಾಟ್ ಬಿಟ್ಟು ಮತ್ತೆ ಓಣಿಗೆ ಹೋಗಬೇಕಾ? ಈ ವಯಸ್ಸಿನಲ್ಲಿ ಗೆಳತಿಯರನ್ನು ಎಲ್ಲಿಂದ ತರಲಿ? ಇನ್ನೊಂದು ಚಿಂತೆ. ಮಗಳೂ ನನ್ನ ಹಾಗೇ ಆಗುತ್ತಿದ್ದಾಳೆ ಅನ್ನಿಸುತ್ತೆ. ರೂಮಿನ ಬಾಗಿಲು ಹಾಕಿಕೊಂಡರೆ ಊಟಕ್ಕಷ್ಟೇ ಹೊರಗೆ ಬರುತ್ತಾಳೆ.

ಉತ್ತರ: ಮೊದಲು ಆ ನಾಚಿಕೆಯ ಬಗ್ಗೆ ಮಾತಾಡೋಣ. ನೀವು ಕೇಳಿದ ಪ್ರಶ್ನೆಗಳಲ್ಲಿ ಅದು ಇಲ್ಲ, ಆದರೆ ಎಲ್ಲ ಪ್ರಶ್ನೆಗಳ ಕೆಳಗೂ ಅದೇ ಇದೆ. ಧಾರವಾಡದ ನನ್ನ ಸಮಾಲೋಚನಾ ಕೋಣೆಗೆ ಬರುವವರು ನಿದ್ದೆ ಬರಲ್ಲ ಅಂತಾರೆ, ತಲೆನೋವು ಅಂತಾರೆ, ಗಂಡನ ಮೇಲೆ ಸಿಟ್ಟು ಅಂತಾರೆ. ನನಗೆ ಯಾರೂ ಇಲ್ಲ ಅನ್ನಿಸುತ್ತೆ ಅಂತ ಮೊದಲ ದಿನವೇ ಹೇಳುವವರು ತುಂಬಾ ಕಡಿಮೆ. ಹಸಿವಾದರೆ ಹೇಳಿಕೊಳ್ಳುತ್ತೇವೆ. ಇದನ್ನು ಹೇಳಲು ಮಾತ್ರ ಬಾಯಿ ಬರುವುದಿಲ್ಲ. ನಿಜ ಅಂದರೆ ಎರಡೂ ಒಂದೇ ಜಾತಿಯವು. ಷಿಕಾಗೊ ವಿಶ್ವವಿದ್ಯಾಲಯದ ಜಾನ್ ಕಾಸಿಯೊಪ್ಪೊ ಎಂಬ ವಿಜ್ಞಾನಿ ಬಹಳ ವರ್ಷ ಇದೇ ವಿಷಯದಲ್ಲಿ ಕೆಲಸ ಮಾಡಿ ಹೇಳಿದ್ದು ಇದನ್ನೇ. ದೇಹಕ್ಕೆ ಅನ್ನ ಬೇಕು ಅಂತ ಹಸಿವು ತಿಳಿಸುತ್ತೆ. ಜನರ ಒಡನಾಟ ಬೇಕು ಅಂತ ಒಂಟಿತನ ತಿಳಿಸುತ್ತೆ. ಹಸಿವಾಯಿತು ಅಂತ ಯಾರೂ ತಮ್ಮ ಸ್ವಭಾವವನ್ನು ಬೈದುಕೊಳ್ಳುವುದಿಲ್ಲ, ಅಲ್ವಾ?

ಹಾಗಾಗಿ ನಿಮ್ಮ ಎರಡನೇ ಪ್ರಶ್ನೆಗೆ ಮೊದಲೇ ಉತ್ತರ ಹೇಳಿಬಿಡುತ್ತೇನೆ. ನಿಮ್ಮ ಸ್ವಭಾವದಲ್ಲಿ ದೋಷ ಇದೆ ಅನ್ನುವುದಕ್ಕೆ ಪತ್ರದಲ್ಲಿ ಒಂದು ಗುರುತೂ ಕಾಣುವುದಿಲ್ಲ. ಎರಡು ವರ್ಷದ ಮೇಲೆ ಹಳೇ ಗೆಳತಿಗೆ ತಾನಾಗಿ ಫೋನ್ ಮಾಡುವವರು ಜನ ಬೇಡ ಅನ್ನುವವರಲ್ಲ.

ಇದು ನಿಮ್ಮೊಬ್ಬರ ಕಥೆಯೂ ಅಲ್ಲ. ವಿಶ್ವ ಆರೋಗ್ಯ ಸಂಸ್ಥೆ 2023ರಲ್ಲಿ ಈ ವಿಷಯಕ್ಕೆಂದೇ ಒಂದು ಆಯೋಗ ಮಾಡಿತು. ಅದರ ವರದಿ 2025ರ ಜೂನ್ 30ರಂದು ಬಂತು. ಜಗತ್ತಿನಲ್ಲಿ ಆರರಲ್ಲಿ ಒಬ್ಬರು ಒಂಟಿತನ ಅನುಭವಿಸುತ್ತಿದ್ದಾರೆ ಎಂದು ಅದರಲ್ಲಿದೆ. ಇದು ಶ್ರೀಮಂತ ದೇಶಗಳ ರೋಗ, ನಮ್ಮಲ್ಲಿ ಎಲ್ಲಿಂದ ಬರಬೇಕು ಎಂದು ಜನ ಹೇಳುತ್ತಾರೆ. ವರದಿಯ ಲೆಕ್ಕ ಬೇರೆ ಇದೆ. ಕಡಿಮೆ ಆದಾಯದ ದೇಶಗಳಲ್ಲಿ ಸುಮಾರು ಶೇ 24 ಜನ, ಹೆಚ್ಚು ಆದಾಯದ ದೇಶಗಳಲ್ಲಿ ಶೇ 11 ಜನ ಒಂಟಿ ಅನ್ನಿಸುತ್ತೆ ಎಂದಿದ್ದಾರೆ. ಮುದುಕರ ಸಮಸ್ಯೆ ಅನ್ನುವುದೂ ಸರಿಯಲ್ಲ. ಅತಿ ಹೆಚ್ಚು ಒಂಟಿತನ ಹೇಳಿಕೊಂಡವರು ಹದಿಹರೆಯದವರು. ಮಗಳ ಬಗ್ಗೆ ಕೊನೆಗೆ ಬರೆಯುತ್ತೇನೆ.

ಮನೆ ತುಂಬ ಜನ ಇದ್ದೂ ಹೀಗೇಕೆ ಅನ್ನುವುದು ನಿಮ್ಮನ್ನು ಜಾಸ್ತಿ ಕಾಡುತ್ತಿದೆ. ರಾಬರ್ಟ್ ವೈಸ್ ಎಂಬ ಅಮೆರಿಕದ ಸಮಾಜಶಾಸ್ತ್ರಜ್ಞ 1973ರಲ್ಲೇ ಒಂಟಿತನ ಎರಡು ಥರ ಎಂದು ಬರೆದರು. ತನ್ನವರು ಅನ್ನುವ ಆಪ್ತ ಒಬ್ಬರು ಇಲ್ಲದಿರುವುದು ಒಂದು. ನಾನೂ ಒಂದು ಬಳಗಕ್ಕೆ ಸೇರಿದವಳು ಅನ್ನಿಸದಿರುವುದು ಇನ್ನೊಂದು. ಒಂದರ ಜಾಗವನ್ನು ಇನ್ನೊಂದು ತುಂಬುವುದಿಲ್ಲ. ಗಂಡ ಎಷ್ಟೇ ಒಳ್ಳೆಯವರಿದ್ದರೂ ಗೆಳತಿಯರ ಬಳಗದ ಕೊರತೆ ಹಾಗೇ ಉಳಿಯುತ್ತೆ. ಬಳಗ ಎಷ್ಟೇ ದೊಡ್ಡದಿದ್ದರೂ, ರಾತ್ರಿ ಮನಸ್ಸು ಬಿಚ್ಚಲು ಒಬ್ಬರಿಲ್ಲದಿದ್ದರೆ ಆ ಕೊರತೆಯೂ ಉಳಿಯುತ್ತೆ. ನಿಮ್ಮ ಪತ್ರ ಓದಿದರೆ ಎರಡೂ ಸ್ವಲ್ಪ ಸ್ವಲ್ಪ ಇವೆ ಅನ್ನಿಸುತ್ತೆ. ಆದರೆ ಬಳಗದ್ದೇ ದೊಡ್ಡದು. ಅದು ನಾಲ್ಕು ವರ್ಷದ ಹಿಂದೆ ಮನೆ ಬದಲಿಸಿದಾಗ ಕೈತಪ್ಪಿತು.

ಓಣಿಯಲ್ಲಿ ಏನಿತ್ತು ನೆನಪಿಸಿಕೊಳ್ಳಿ. ನಮ್ಮೂರಲ್ಲಿ ನಳಕ್ಕೆ ನೀರು ಬರುವುದೇ ವಾರಕ್ಕೊಮ್ಮೆ ಅನ್ನುವ ಹಾಗಿದ್ದ ಕಾಲ ಎಲ್ಲರಿಗೂ ಗೊತ್ತು. ನೀರು ಬಂದ ದಿನ ಕೊಡ ಹಿಡಿದು ಎಲ್ಲರೂ ಹೊರಗೆ. ಯಾರ ಮನೆಯಲ್ಲಿ ಜ್ವರ, ಯಾರ ಮಗಳನ್ನು ನೋಡಲು ಬಂದಿದ್ದರು, ಯಾರ ಮನೆಯಲ್ಲಿ ಹೋಳಿಗೆ, ಎಲ್ಲ ಅಲ್ಲೇ ತಿಳಿಯುತ್ತಿತ್ತು. ಸಂಜೆ ಕಟ್ಟೆಯ ಮೇಲೆ ಶೇಂಗಾ ಬಿಡಿಸುತ್ತ ಕೂತರೆ ದಾರಿಯಲ್ಲಿ ಹೋಗುವವರು 'ಆರಾಮ ಅದೀರೇನ್ರಿ ಅಕ್ಕಾರ' ಎಂದು ನಿಲ್ಲುತ್ತಿದ್ದರು. ಗೆಳೆತನ ಮಾಡಬೇಕು ಅಂತ ಅಲ್ಲಿಗೆ ಯಾರೂ ಬಂದಿರಲಿಲ್ಲ. ನೀರಿಗೆ ಬಂದಿದ್ದರು, ಗಾಳಿಗೆ ಕೂತಿದ್ದರು. ಅದೇ ಮುಖಗಳು ಮತ್ತೆ ಮತ್ತೆ ಸಿಕ್ಕವು, ಪರಿಚಯ ತಾನಾಗಿ ಬೆಳೆಯಿತು. ಫ್ಲ್ಯಾಟಿನಲ್ಲಿ ನೀರು ಟ್ಯಾಂಕಿನಿಂದ ಬರುತ್ತೆ, ತರಕಾರಿ ಆ್ಯಪ್‌ನಿಂದ ಬರುತ್ತೆ. ಒಬ್ಬರನ್ನು ಭೇಟಿ ಮಾಡಬೇಕು ಅಂದರೆ ಬೇಕೂ ಅಂತಲೇ ಹೋಗಿ ಗಂಟೆ ಒತ್ತಬೇಕು. ಕಾರಣವಿಲ್ಲದೆ ಗಂಟೆ ಒತ್ತಲು ಮುಜುಗರ. ನಿಮ್ಮ ಸ್ವಭಾವ ಬದಲಾಗಿಲ್ಲ. ಜನ ಸಿಗುವ ದಾರಿ ಬದಲಾಗಿದೆ.

ಹಾಗೆಂದು ಓಣಿಯನ್ನು ಸ್ವರ್ಗ ಮಾಡಬೇಡಿ. ಯಾರು ಯಾರ ಕಟ್ಟೆಯ ಮೇಲೆ ಕೂರಬಹುದು ಅನ್ನುವುದನ್ನು ಅಲ್ಲಿ ಜಾತಿ ತೀರ್ಮಾನಿಸುತ್ತಿತ್ತು. ಸೊಸೆ ಎಷ್ಟು ಹೊತ್ತು ಹೊರಗಿದ್ದಳು ಅಂತ ಹತ್ತು ಕಣ್ಣು ಎಣಿಸುತ್ತಿದ್ದವು. ಮಕ್ಕಳಾಗದವರು, ಗಂಡ ಬಿಟ್ಟವರು ಅದೇ ಕಟ್ಟೆಯ ಮುಂದೆ ತಲೆ ತಗ್ಗಿಸಿ ನಡೆದದ್ದನ್ನು ನಾವೆಲ್ಲ ನೋಡಿದ್ದೇವೆ. ಹೆಣ್ಣುಮಕ್ಕಳ ಒಂಟಿತನ ಮೊಬೈಲ್ ಜೊತೆ ಬಂದದ್ದೂ ಅಲ್ಲ. ಮದುವೆಯಾದ ದಿನ ತವರಿನ ಗೆಳತಿಯರೆಲ್ಲ ಒಂದೇ ಸಲಕ್ಕೆ ದೂರವಾಗುತ್ತಾರೆ. ನಿಮ್ಮ ತಾಯಿಗೂ ಹಾಗೇ ಆಗಿರುತ್ತೆ, ಅತ್ತೆಗೂ ಹಾಗೇ ಆಗಿರುತ್ತೆ. ಅವರು ಹೇಳಿಕೊಳ್ಳಲಿಲ್ಲ, ಅಷ್ಟೇ. ಆದ್ದರಿಂದ ಇದಕ್ಕಾಗಿ ಮಾತ್ರ ಮನೆ ಮಾರಬೇಡಿ. ನೀವು ಬಿಟ್ಟುಬಂದ ಓಣಿಯೂ ಈಗ ಹಾಗೇ ಉಳಿದಿರಲಿಕ್ಕಿಲ್ಲ. ಬೇಕಾದರೆ ತಿಂಗಳಿಗೊಂದು ಭಾನುವಾರ ಅತ್ತೆಯನ್ನೂ ಕರೆದುಕೊಂಡು ಹೋಗಿ ಅಲ್ಲಿಯ ಎರಡು ಮನೆಗೆ ಚಹಾಕ್ಕೆ ಕೂತು ಬನ್ನಿ.

ಇನ್ನು ಗದಗಿನ ಗೆಳತಿ. ಇಲ್ಲಿ ಸ್ವಲ್ಪ ನಿಲ್ಲುತ್ತೇನೆ. ನಿಮ್ಮ ಸ್ಥಿತಿಯನ್ನು ಮುಂದುವರಿಸುತ್ತಿರುವ ಗಂಟು ಇಲ್ಲೇ ಇದೆ ಅಂತ ನನ್ನ ಅಂದಾಜು. ಅವಳು 'ಏನ್ ಕೆಲಸ ಇತ್ತು?' ಅಂದಳು. ನಮ್ಮ ಕಡೆ ಅದು ಫೋನ್ ಎತ್ತಿದಾಗ ಬಾಯಿಗೆ ಬರುವ ಮಾತು. ಎರಡು ವರ್ಷದ ಮೇಲೆ ಫೋನ್ ಬಂದರೆ ಏನೋ ಆಗಿದೆಯೇನೋ ಎಂಬ ಗಾಬರಿಯಲ್ಲೂ ಹಾಗೆ ಕೇಳುತ್ತಾರೆ. ನಿಮಗೆ ಮಾತ್ರ ಅದು, ಸುಮ್ನೆ ಯಾಕೆ ಮಾಡಿದೆ ಎಂದು ಕೇಳಿಸಿತು. ಒಂಟಿತನ ಬಹಳ ದಿನ ಉಳಿದರೆ ಮನಸ್ಸು ಕಾವಲಿಗೆ ನಿಲ್ಲುತ್ತೆ ಎಂದು ಕಾಸಿಯೊಪ್ಪೊ ಮತ್ತು ಅವರ ಜೊತೆಗಾರರು ತೋರಿಸಿದರು. ಎದುರಿನವರ ಮುಖದಲ್ಲಿ, ದನಿಯಲ್ಲಿ ಬೇಡ ಅನ್ನುವುದನ್ನೇ ಮೊದಲು ಹುಡುಕುತ್ತೆ. ಸಿಗದಿದ್ದರೂ ಸಿಕ್ಕಂತೆ ಅನ್ನಿಸುತ್ತೆ. ಆಗ ನಾವೇ ಹಿಂದೆ ಸರಿಯುತ್ತೇವೆ. ನಾವು ಹಿಂದೆ ಸರಿದದ್ದು ನೋಡಿ ಅವರೂ ಸರಿಯುತ್ತಾರೆ. ನೋಡು, ನಾನು ಅಂದುಕೊಂಡದ್ದೇ ನಿಜವಾಯಿತು ಅಂತ ಮನಸ್ಸು ಗಟ್ಟಿಯಾಗುತ್ತೆ. ಗೆಳೆಯರು ಬೇಕು ಅನ್ನುವ ಹಂಬಲವೇ ಗೆಳೆಯರಿಂದ ದೂರ ತಳ್ಳುವ ವಿಚಿತ್ರ ಸ್ಥಿತಿ ಇದು. ಸ್ವಲ್ಪ ಜನ ಸಿಕ್ಕರೆ ಸರಿಹೋಗುತ್ತೆ ಅಂತ ಬರೀ ಗುಂಪಿಗೆ ಸೇರಿಸಿದರೆ ಅದಕ್ಕೇ ಎಷ್ಟೋ ಸಲ ಉಪಯೋಗವಾಗುವುದಿಲ್ಲ. ಒಂಟಿತನ ಕಡಿಮೆ ಮಾಡುವ ಬೇರೆ ಬೇರೆ ಪ್ರಯತ್ನಗಳನ್ನು 2011ರಲ್ಲಿ ಒಟ್ಟಿಗಿಟ್ಟು ಹೋಲಿಸಿದಾಗ, ಹೆಚ್ಚು ಫಲ ಕಂಡದ್ದು ಈ ತಪ್ಪು ಓದನ್ನು ತಿದ್ದುವ ಕೆಲಸದಲ್ಲೇ.

ಸಮಾಧಾನದ ಸಂಗತಿಯೂ ಇದೆ. ಈ ತಪ್ಪು ಓದು ಒಂಟಿಯಾದವರದ್ದು ಮಾತ್ರವಲ್ಲ. ಇಬ್ಬರು ಹೊಸಬರು ಮಾತಾಡಿ ಎದ್ದ ಮೇಲೆ, ಅವರಿಗೆ ನಾನು ಅಷ್ಟೇನೂ ಹಿಡಿಸಲಿಲ್ಲ ಅಂತ ಇಬ್ಬರೂ ಅಂದುಕೊಳ್ಳುತ್ತಾರೆ. ಕೇಳಿ ನೋಡಿದರೆ ಇಬ್ಬರಿಗೂ ಇನ್ನೊಬ್ಬರು ಹಿಡಿಸಿರುತ್ತಾರೆ. 2018ರಲ್ಲಿ ಎರಿಕಾ ಬೂತ್‌ಬಿ ಮತ್ತು ಜೊತೆಗಾರರು ಪ್ರಕಟಿಸಿದ ಅಧ್ಯಯನಗಳಲ್ಲಿ ಇದು ಮತ್ತೆ ಮತ್ತೆ ಕಂಡಿತು. ಬಹಳ ದಿನದ ಮೇಲೆ ಸುಮ್ನೆ ನೆನಪಾಯಿತು ಎಂದು ಸಂದೇಶ ಕಳಿಸಿದವರ ಬಗ್ಗೆ 2022ರಲ್ಲಿ ಇನ್ನೊಂದು ಅಧ್ಯಯನ ಬಂತು. ಕಳಿಸಿದವರು ಅಂದುಕೊಂಡದ್ದಕ್ಕಿಂತ ಪಡೆದವರಿಗೆ ಜಾಸ್ತಿ ಖುಷಿಯಾಗಿತ್ತು. ನಿರೀಕ್ಷೆಯೇ ಇಲ್ಲದಿದ್ದಾಗ ಬಂದ ಸಂದೇಶ ಇನ್ನೂ ಜಾಸ್ತಿ ಹಿಡಿಸಿತ್ತು. ಹಾಗಾಗಿ ಗೆಳತಿಗೆ ಇನ್ನೊಮ್ಮೆ ಫೋನ್ ಮಾಡಿ. ಈ ಸಲ ಅವಳು ಕೇಳುವ ಮೊದಲೇ ಹೇಳಿ: 'ಏನೂ ಕೆಲಸ ಇಲ್ಲವಾ, ನಿನ್ನ ನೆನಪಾತು, ಅದಕ್ಕ ಮಾಡಿದೆ.' ಐದು ನಿಮಿಷ ಮಾತಾಡಿ ನೀವೇ ಮುಗಿಸಿ. ಅವಳ ಮನೆಯಲ್ಲಿ ಅಡುಗೆ ಹೊತ್ತಾಗಿದ್ದರೆ ಮಾತು ಚುಟುಕಾಗಬಹುದು. ಅದನ್ನು ತಿರಸ್ಕಾರ ಅಂತ ಓದಬೇಡಿ. ಎರಡು-ಮೂರು ಸಲ ಕಾರಣವಿಲ್ಲದೆ ಮಾತಾಡಿದ ಮೇಲೆ ಆಕೆಯೇ ಮಾಡುತ್ತಾಳಾ ನೋಡಿ. ಮಾಡದಿದ್ದರೂ ಸಂಬಂಧ ಸತ್ತಿದೆ ಅಂತಲ್ಲ. ಕೆಲವರು ತಾವಾಗಿ ಫೋನ್ ಮಾಡುವುದೇ ಇಲ್ಲ, ಮಾಡಿದರೆ ಖುಷಿ ಪಡುತ್ತಾರೆ.

ಖಿನ್ನತೆಯಾ ಎಂದು ಕೇಳಿದ್ದೀರಿ. ಪತ್ರವೊಂದನ್ನು ಓದಿ ಅದನ್ನು ತೀರ್ಮಾನಿಸಲು ಬರುವುದಿಲ್ಲ. ಆದರೆ ಬೇರ್ಪಡಿಸಿ ನೋಡುವುದು ಹೇಗೆ ಎಂದು ಹೇಳಬಲ್ಲೆ. ಒಂಟಿತನ ಇದ್ದವರಿಗೆ ಒಳ್ಳೆಯ ಜೊತೆ ಸಿಕ್ಕ ದಿನ ಮನಸ್ಸು ಅರಳುತ್ತೆ. ಖಿನ್ನತೆಯಲ್ಲಿ ಜೊತೆ ಸಿಕ್ಕರೂ ಬಹಳ ಸಲ ಅರಳುವುದಿಲ್ಲ. ಎರಡು ವಾರಕ್ಕೂ ಜಾಸ್ತಿ, ದಿನದ ಬಹುಪಾಲು ಹೊತ್ತು, ಹೆಚ್ಚುಕಡಿಮೆ ದಿನಾ ಮನಸ್ಸು ಕುಗ್ಗಿದೆಯಾ? ಮೊದಲು ಇಷ್ಟವಾಗುತ್ತಿದ್ದ ಹಾಡು, ಸೀರೆ, ಅಡುಗೆ, ಯಾವುದೂ ಬೇಡ ಅನ್ನಿಸುತ್ತಾ? ಜೊತೆಗೆ ನಿದ್ದೆ ಕೆಟ್ಟಿದೆಯಾ, ಹಸಿವು ಬದಲಾಗಿದೆಯಾ, ನಾನು ಯಾವುದಕ್ಕೂ ಬೇಡದವಳು ಅನ್ನಿಸುತ್ತಾ, ಲೆಕ್ಕದಲ್ಲಿ ಗಮನ ನಿಲ್ಲುತ್ತಿಲ್ಲವಾ? ಇವುಗಳಲ್ಲಿ ಹಲವು ಒಟ್ಟಿಗೆ ಇದ್ದರೆ ಮನೋವೈದ್ಯರನ್ನು ನೋಡಿ. ಸಾಯಬೇಕು ಅನ್ನುವ ಯೋಚನೆ ಒಂದೇ ಇದ್ದರೂ ಸಾಕು, ಎರಡು ವಾರ ಕಾಯಬೇಡಿ, ಅವತ್ತೇ ಹೋಗಿ. ಡಿಮ್ಹಾನ್ಸ್ ಎಂಬ ಸರ್ಕಾರಿ ಮಾನಸಿಕ ಆರೋಗ್ಯ ಸಂಸ್ಥೆ ನೀವು ಕೆಲಸ ಮಾಡುವ ಧಾರವಾಡದಲ್ಲೇ ಇದೆ. ಅದರ ಹೆಸರು ಹೇಳಿದರೆ ಹಳೇ ಕಾಲದ ಮಾತು ನೆನೆದು ಇನ್ನೂ ಕೆಲವರು ಹಿಂಜರಿಯುತ್ತಾರೆ. ನಿದ್ದೆ ಬಾರದವರು, ಗಾಬರಿ ಇರುವವರು, ಓದಿನ ಒತ್ತಡದ ಹುಡುಗರು ಅಲ್ಲಿಗೆ ದಿನಾ ಬರುತ್ತಾರೆ. ಹೋಗಲಾಗದಿದ್ದರೆ 14416ಕ್ಕೆ ಫೋನ್ ಮಾಡಿ. ಅದು ಕೇಂದ್ರ ಸರ್ಕಾರ 2022ರ ಅಕ್ಟೋಬರ್‌ನಲ್ಲಿ ಶುರುಮಾಡಿದ ಟೆಲಿ-ಮಾನಸ್ ಸಹಾಯವಾಣಿ. ಹಗಲೂ ರಾತ್ರಿ ಇರುತ್ತೆ, ದುಡ್ಡಿಲ್ಲ, ಕನ್ನಡದಲ್ಲೇ ಮಾತಾಡಬಹುದು.

ಇದರ ಜೊತೆ ಒಮ್ಮೆ ರಕ್ತ ಪರೀಕ್ಷೆಯನ್ನೂ ಮಾಡಿಸಿ. ಥೈರಾಯ್ಡ್, ಹಿಮೋಗ್ಲೋಬಿನ್, ಬಿ12. ನಿಮ್ಮ ವಯಸ್ಸಿನ ಹೆಂಗಸರಲ್ಲಿ ಇವುಗಳ ಏರುಪೇರು ಸಾಮಾನ್ಯ. ಆಯಾಸವಾಗಿದ್ದಾಗ ಯಾರ ಜೊತೆಯೂ ಬೆರೆಯಲು ಮನಸ್ಸಾಗುವುದಿಲ್ಲ, ಅದನ್ನೂ ನಾವು ಸ್ವಭಾವ ಅಂತ ತಿಳಿಯುತ್ತೇವೆ. ಒಂಟಿತನಕ್ಕೆ ಮಾತ್ರೆ ಇಲ್ಲ. ಖಿನ್ನತೆ ಇದ್ದರೆ ಅದಕ್ಕೆ ಇದೆ, ಕೆಲಸವೂ ಮಾಡುತ್ತೆ.

ಈಗ, ಗೆಳತಿಯರನ್ನು ಎಲ್ಲಿಂದ ತರುವುದು? ಎಲ್ಲರೂ ಎಡವುವುದು ಇಲ್ಲೇ. ಮನಸ್ಸು ಬಿಚ್ಚಲು ಒಬ್ಬಳು ಬೇಕು ಅಂತ ಹೊರಟು ಮೊದಲ ಭೇಟಿಯಲ್ಲೇ ಅವಳನ್ನು ಹುಡುಕುತ್ತೇವೆ. ಸಿಗುವುದಿಲ್ಲ. ಬೇಸರಪಟ್ಟು ಬಿಟ್ಟುಬಿಡುತ್ತೇವೆ. ಆಪ್ತತೆಗೆ ಗಂಟೆಗಳು ಬೇಕು. ಕನ್ಸಾಸ್ ವಿಶ್ವವಿದ್ಯಾಲಯದ ಜೆಫ್ರಿ ಹಾಲ್ 2018ರಲ್ಲಿ ಪ್ರಕಟಿಸಿದ ಅಂದಾಜು ಹೀಗಿದೆ: ಪರಿಚಯ ಸಾಧಾರಣ ಗೆಳೆತನವಾಗಲು ಸುಮಾರು 50 ಗಂಟೆ ಜೊತೆಗೆ ಕಳೆಯಬೇಕು, ಗೆಳೆತನ ಅನ್ನಿಸಿಕೊಳ್ಳಲು ಸುಮಾರು 90, ಆಪ್ತ ಗೆಳೆತನಕ್ಕೆ 200ಕ್ಕೂ ಮೇಲೆ. ಅದು ಅಮೆರಿಕದ ಲೆಕ್ಕ, ಗಡಿಯಾರ ಹಿಡಿದು ಅಳೆಯಬೇಡಿ. ಆದರೆ ವಾರಕ್ಕೆ ಎರಡು ಗಂಟೆ ಒಬ್ಬರ ಜೊತೆ ಕಳೆದರೆ 50 ಗಂಟೆಗೆ ಆರು ತಿಂಗಳು ಬೇಕು. ಎರಡು ಭೇಟಿಗೆ ಏನೂ ಆಗಲಿಲ್ಲ ಎಂದು ಕೈಬಿಡುವುದು ತೀರಾ ಬೇಗ. ಆಫೀಸಿನಲ್ಲಿ ಪಕ್ಕಪಕ್ಕ ಕೂತು ಕೆಲಸ ಮಾಡಿದ ಹೊತ್ತಿಗೆ ಅಷ್ಟು ಬೆಲೆಯಿಲ್ಲ ಎಂದೂ ಅವರಿಗೆ ಕಂಡಿತು. ನಿಮ್ಮ ಆಫೀಸಿನವರು ವರ್ಷಗಳಾದರೂ ಆಫೀಸಿನವರಾಗಿಯೇ ಉಳಿದಿರುವುದಕ್ಕೆ ಇದೂ ಒಂದು ಕಾರಣ.

ಗಂಟೆಗಳು ಎಲ್ಲಿವೆ ಅಂದರೆ, ನಿಮ್ಮ ಹತ್ತಿರವೇ ಇವೆ. ಚಿಗರಿ ಬಸ್ಸಿನಲ್ಲಿ. ಹೊಸೂರಿನಿಂದ ಧಾರವಾಡಕ್ಕೆ ದಿನಾ ಹೆಚ್ಚುಕಡಿಮೆ ಅದೇ ಹೊತ್ತಿನ ಬಸ್ಸು, ಅದೇ ಮುಖಗಳು. ನವನಗರದಲ್ಲಿ ಹತ್ತುವ ಟೀಚರ್, ಟೋಲ್ ನಾಕಾದಲ್ಲಿ ಇಳಿಯುವ ನರ್ಸ್, ಇಂಥವರು ನಿಮಗೆ ಮುಖದಿಂದ ಗೊತ್ತಿರುತ್ತಾರೆ. ಷಿಕಾಗೊದಲ್ಲಿ ಬಸ್ಸು, ರೈಲಿನಲ್ಲಿ ಓಡಾಡುವವರ ಮೇಲೆ ನಿಕೋಲಸ್ ಎಪ್ಲಿ ಮತ್ತು ಜೂಲಿಯಾನಾ ಶ್ರೋಡರ್ ಮಾಡಿದ ಪ್ರಯೋಗ 2014ರಲ್ಲಿ ಪ್ರಕಟವಾಯಿತು. ಪಕ್ಕದವರ ಜೊತೆ ಮಾತಾಡಿದರೆ ಪ್ರಯಾಣ ಕಿರಿಕಿರಿಯಾಗುತ್ತೆ ಅಂತ ಜನ ಅಂದಾಜು ಮಾಡಿದರು. ಮಾತಾಡಿ ನೋಡಿದವರಿಗೆ ಸುಮ್ಮನೆ ಕೂತವರಿಗಿಂತ ಪ್ರಯಾಣ ಚೆನ್ನಾಗಿತ್ತು. ನೀವೂ ಒಬ್ಬರನ್ನು ಆರಿಸಿಕೊಳ್ಳಿ, ನಿಮ್ಮ ಹಾಗೇ ದಿನಾ ಬರುವ ಹೆಂಗಸು. ಮೊದಲ ವಾರ ಬರೀ ನಗು. ಆಮೇಲೆ 'ಇವತ್ತ ಬಸ್ಸು ಭಾಳ ಗದ್ಲ ಐತಲ್ರಿ' ಅನ್ನುವಷ್ಟು. ಅವರು ಇಯರ್‌ಫೋನ್ ಹಾಕಿಕೊಂಡರೆ ಬಿಡಿ, ನಿದ್ದೆ ಬಂದಿರಬಹುದು. ಮೂರು ಸಲ ಮುಖ ತಿರುಗಿಸಿದರೆ ಬೇರೆಯವರನ್ನು ನೋಡಿ. ಗಂಡಸರ ಜೊತೆ ಮಾತಾಡಬಾರದು ಅಂತ ನಾನು ಹೇಳುವುದಿಲ್ಲ. ಆದರೆ ನಮ್ಮೂರಲ್ಲಿ ಒಂದೇ ಬಸ್ಸಿನಲ್ಲಿ ನಿಮ್ಮ ಬಂಧುಗಳ ಗುರುತಿನವರು ಇದ್ದೇ ಇರುತ್ತಾರೆ. ಯಾವ ಮಾತಿಗೆ ಯಾವ ಬಣ್ಣ ಬರುತ್ತೆ ಅನ್ನುವುದು ನಿಮಗೇ ಚೆನ್ನಾಗಿ ಗೊತ್ತು.

ಮಾತು ಹೊರಗೆ ಹೋಗುವ ಭಯವನ್ನು ನಾನು ಹಗುರವಾಗಿ ತೆಗೆದುಕೊಳ್ಳುವುದಿಲ್ಲ. ಹುಬ್ಬಳ್ಳಿ-ಧಾರವಾಡ ದೊಡ್ಡ ಊರಾದರೂ ಬೀಗರ ಲೆಕ್ಕದಲ್ಲಿ ಸಣ್ಣದು. ಹಾಗಾಗಿ ಮನಸ್ಸನ್ನು ಸ್ವಲ್ಪ ಸ್ವಲ್ಪವೇ ಬಿಚ್ಚಿ. ಮೊದಲು ಕಾಲುನೋವಿನ ಮಾತು ಹೇಳಿ. ಅದು ನಾಲ್ಕು ಜನಕ್ಕೆ ತಲುಪದೆ ಉಳಿದರೆ ಮಗಳ ಓದಿನ ಚಿಂತೆ ಹೇಳಿ. ಅವರೂ ತಮ್ಮದನ್ನು ಹೇಳಿಕೊಂಡರೆ ಇನ್ನೊಂದು ಹೆಜ್ಜೆ. ಬಹಳ ದಿನ ಒಂಟಿಯಾಗಿದ್ದವರು ಒಬ್ಬರು ಕಿವಿ ಕೊಟ್ಟ ತಕ್ಷಣ ಎಲ್ಲವನ್ನೂ ಸುರಿದುಬಿಡುತ್ತಾರೆ. ಎದುರಿನವರಿಗೆ ಭಾರವಾಗುತ್ತೆ, ಹೇಳಿದವರಿಗೆ ಮರುದಿನ ಪಶ್ಚಾತ್ತಾಪ. ನಾನು ನೋಡಿದ ಮುರಿದ ಗೆಳೆತನಗಳಲ್ಲಿ ಎಷ್ಟೋ ಹೀಗೇ ಮುರಿದವು.

ಗುಂಪು ಬೇಕೆಂದರೆ ಕೇಳಿಸಿಕೊಳ್ಳುವ ಗುಂಪಿಗಿಂತ ಕೈ ಕೆಲಸ ಇರುವ ಗುಂಪು ಆರಿಸಿ. ಧಾರವಾಡದಲ್ಲಿ ಉಪನ್ಯಾಸಗಳಿಗೆ ಬರವಿಲ್ಲ. 1890ರಲ್ಲಿ ಹುಟ್ಟಿದ ಕರ್ನಾಟಕ ವಿದ್ಯಾವರ್ಧಕ ಸಂಘದಲ್ಲೇ ಎಷ್ಟೋ ಸಂಜೆ ಕಾರ್ಯಕ್ರಮ ಇರುತ್ತೆ. ಹೋಗಿ, ಒಳ್ಳೆಯದೇ. ಆದರೆ ಕುರ್ಚಿಯಲ್ಲಿ ಕೂತು ಕೇಳಿ ಎದ್ದು ಬಂದರೆ ಪಕ್ಕದವರ ಹೆಸರೂ ಗೊತ್ತಾಗುವುದಿಲ್ಲ. 1920ರ ದಶಕದಲ್ಲಿ ಇದೇ ಊರಿನಲ್ಲಿ ದ.ರಾ. ಬೇಂದ್ರೆಯವರ ಸುತ್ತ 'ಗೆಳೆಯರ ಗುಂಪು' ಕಟ್ಟಿಕೊಂಡಿತು. ಅವರನ್ನು ಹತ್ತಿರ ಮಾಡಿದ್ದು ಸಾಹಿತ್ಯದ ಕೆಲಸ. ಬರೆದದ್ದನ್ನು ಒಬ್ಬರಿಗೊಬ್ಬರು ಓದಿ ಹೇಳುವುದು, ವಾದ ಮಾಡುವುದು. ಆ ಕಾಲದಲ್ಲಿ ಸಂಜೆಗಳು ಗಂಡಸರ ಕೈಯಲ್ಲಿದ್ದವು, ಅದೂ ನಿಜ. ನಿಮ್ಮ ಸಂಜೆ ಅಡುಗೆಮನೆಯ ಕೈಯಲ್ಲಿದೆ. ವಾರಕ್ಕೆ ಒಂದು ಸಂಜೆಯನ್ನು ಅಲ್ಲಿಂದ ಬಿಡಿಸಿಕೊಳ್ಳುವುದು ನೀವು ಮಾಡಬೇಕಾದ ಮೊದಲ ಜಗಳ. ಅವತ್ತು ರೊಟ್ಟಿ ಕೇಂದ್ರದಿಂದ ರೊಟ್ಟಿ ಬರಲಿ. ಭಜನಾ ಮಂಡಳಿ ಆಗಬಹುದು, ಅಕ್ಕನ ಬಳಗ ಆಗಬಹುದು, ಹಾಡಿನ ಕ್ಲಾಸು, ಕಸೂತಿ ಕಲಿಯುವ ಕ್ಲಾಸು, ಉಣಕಲ್ ಕೆರೆಯ ದಂಡೆಯಲ್ಲಿ ಬೆಳಗಿನ ವಾಕಿಂಗ್ ಆಗಬಹುದು. ಒಂದೇ ಜಾಗ, ಒಂದೇ ಹೊತ್ತು, ಅದೇ ಜನ. ಇಷ್ಟಿದ್ದರೆ ಸಾಕು. ನೀವು ಮಾತುಗಾತಿ ಆಗಬೇಕಿಲ್ಲ.

ಭಿಸಿ, ಅಂದರೆ ಮನೆಮನೆಯ ಚೀಟಿ, ಅದರ ಬಗ್ಗೆ ಎಚ್ಚರ ಹೇಳಬೇಕು. ಅಪಾರ್ಟ್‌ಮೆಂಟಿನ ಹೆಂಗಸರು ತಿಂಗಳಿಗೊಮ್ಮೆ ಸೇರಿ ದುಡ್ಡು ಹಾಕಿ ಭಿಸಿ ಎತ್ತುವುದು ನಮ್ಮಲ್ಲಿ ಸಾಮಾನ್ಯ. ಜನ ಸೇರುತ್ತಾರೆ, ಗಿರಮಿಟ್ಟು-ಚಹಾ ಆಗುತ್ತೆ, ಒಳ್ಳೆಯ ನೆಪ. ಆದರೆ ಚೀಟಿ ವ್ಯವಹಾರಕ್ಕೆ 1982ರ ಚಿಟ್ ಫಂಡ್ ಕಾಯ್ದೆ ಇದೆ. ಮನೆಮನೆಯ ಭಿಸಿ ನೋಂದಣಿಯಾಗಿರುವುದಿಲ್ಲ. ಎತ್ತಿಕೊಂಡವರು ಆಮೇಲೆ ಕಂತು ಕಟ್ಟದಿದ್ದರೆ ದುಡ್ಡೂ ಹೋಯಿತು, ಬಾಗಿಲ ಎದುರಿನ ಗೆಳತಿಯೂ ಹೋದಳು. ಹೋದರೂ ಬೇಸರವಿಲ್ಲ ಅನ್ನುವಷ್ಟು ಸಣ್ಣ ಮೊತ್ತಕ್ಕೆ ಮಾತ್ರ ಸೇರಿ.

ಅಕ್ಕಪಕ್ಕದ ಫ್ಲ್ಯಾಟಿನ ಗಂಟೆ ಒತ್ತಲು ನಮ್ಮ ಹಿರಿಯರು ಒಳ್ಳೆಯ ನೆಪಗಳನ್ನು ಬಿಟ್ಟುಹೋಗಿದ್ದಾರೆ. ದಸರೆಗೆ ಬನ್ನಿ ಹಿಡಿದು ಹೋದರೆ ಯಾಕೆ ಬಂದಿರಿ ಎಂದು ಯಾರೂ ಕೇಳುವುದಿಲ್ಲ. 'ಬನ್ನಿ ತಗೊಂಡು ಬಂಗಾರದಂಗ ಇರೂಣ್ರಿ' ಅಂದರೆ ಮಾತು ಬಿಟ್ಟವರೂ ಒಳಗೆ ಕರೆಯುತ್ತಾರೆ. ಸಂಕ್ರಾಂತಿಗೆ ಕುಸುರೆಳ್ಳು, ದೀಪಾವಳಿಗೆ ಫರಾಳ. ಪೇಪರ್ ಪ್ಲೇಟಿನಲ್ಲಿ ಕೊಡಬೇಡಿ, ಮನೆಯ ಡಬ್ಬಿಯಲ್ಲಿ ಕೊಡಿ. ಡಬ್ಬಿ ವಾಪಸ್ ಕೊಡಲು ಅವರು ಬರಲೇಬೇಕಾಗುತ್ತೆ.

ಮನೆಯೊಳಗೆ ಇಬ್ಬರಿದ್ದಾರೆ, ಅವರನ್ನು ಮರೆಯಬಾರದು. ಅತ್ತೆ ಓಣಿ ಬಿಟ್ಟು ಬಂದಾಗ ನಿಮಗಿಂತ ಜಾಸ್ತಿ ಕಳೆದುಕೊಂಡಿರಬಹುದು. ನಿಮಗೆ ಆಫೀಸಾದರೂ ಇದೆ. ಅವರು ಟಿವಿ ಜೋರಾಗಿ ಹಾಕುತ್ತಾರಾ, ಕೇಳಿದ್ದನ್ನೇ ಮತ್ತೆ ಕೇಳುತ್ತಾರಾ? ಹಾಗಿದ್ದರೆ ಕಿವಿ ಪರೀಕ್ಷೆ ಮಾಡಿಸಿ. ಕಿವಿ ಮಂದವಾದ ಹಿರಿಯರು ಮಾತಿನಿಂದಲೇ ಹಿಂದೆ ಸರಿಯುತ್ತಾರೆ. ಸಂಜೆ ಅರ್ಧ ಗಂಟೆ ಇಬ್ಬರೂ ಕೆಳಗಿಳಿದು ಗೇಟಿನ ಹತ್ತಿರ ಕೂರಿ. ಅತ್ತೆಯಂಥವರು ಹೊಸಬರನ್ನು ಮಾತಾಡಿಸಲು ನಿಮ್ಮಷ್ಟು ಹಿಂಜರಿಯುವುದಿಲ್ಲ. ಅವರ ಬೆನ್ನಿಗೆ ನಿಮ್ಮ ಪರಿಚಯವೂ ಆಗುತ್ತೆ.

ಯಜಮಾನರು 'ಏನ ಕಡಿಮಿ ಆಗೇತಿ' ಅಂದದ್ದರಲ್ಲಿ ನನಗೆ ಕಾಣುವುದು ಸಿಟ್ಟಿಗಿಂತ ನೋವು. ನಾನು ಸರಿಯಾಗಿ ನೋಡಿಕೊಳ್ಳುತ್ತಿಲ್ಲ ಎಂದು ಹೇಳುತ್ತಿದ್ದಾಳೆ ಅಂತ ಅವರಿಗೆ ಕೇಳಿಸಿರಬಹುದು. ಒಂಟಿ ಅನ್ನಿಸುತ್ತೆ ಅನ್ನುವ ದೊಡ್ಡ ಮಾತು ಬದಿಗಿಡಿ. 'ತಿರುಗಾಟದಾಗ ಇದ್ದಾಗ ರಾತ್ರಿ ಹತ್ತು ನಿಮಿಷ ಫೋನ್ ಮಾಡ್ರಿ, ಮಕ್ಕಳ ಮಾತು, ಬಿಲ್ಲಿನ ಮಾತು ಬ್ಯಾಡ' ಎಂದು ಕೇಳಿ. ವಾರದಲ್ಲಿ ನಾಲ್ಕು ರಾತ್ರಿ ಲಾಡ್ಜಿನ ಕೋಣೆಯಲ್ಲಿ ಮಲಗುವ ಮನುಷ್ಯನಿಗೆ ಇದು ಅರ್ಥವಾಗದ ವಿಷಯವಲ್ಲ. ಯಾರೂ ಅವರನ್ನು ಕೇಳಿಲ್ಲ, ಅಷ್ಟೇ.

ಎಐ ಆ್ಯಪ್ ವಿಷಯ. ನಾಚಿಕೊಳ್ಳಬೇಡಿ. ಮನಸ್ಸಿನಲ್ಲಿರುವುದನ್ನು ಬರೆದು ನೋಡುವುದರಿಂದ ಗೊಂದಲ ತಿಳಿಯಾಗುತ್ತೆ, ಅಷ್ಟು ಉಪಯೋಗ ಇದೆ. ತೊಂದರೆ ಎರಡು. ಅದು ಯಾವ ಹೊತ್ತಿಗೂ ಸಿಗುತ್ತೆ, ನಿಮ್ಮಿಂದ ಏನೂ ಕೇಳುವುದಿಲ್ಲ, ಬೇಸರಪಡುವುದಿಲ್ಲ. ಅದಕ್ಕೆ ಒಗ್ಗಿದರೆ 'ಏನ್ ಕೆಲಸ ಇತ್ತು' ಅನ್ನುವ ನಿಜವಾದ ಗೆಳತಿ ಇನ್ನೂ ಒರಟು ಅನ್ನಿಸುತ್ತಾಳೆ. ಎರಡನೆಯದು ಗುಟ್ಟಿನ ವಿಷಯ. ಮನೋವೈದ್ಯರಿಗೆ ಹೇಳಿದ ಮಾತು ಗೋಪ್ಯವಾಗಿರಬೇಕೆಂದು 2017ರ ಮಾನಸಿಕ ಆರೋಗ್ಯ ಕಾಯ್ದೆ ಹೇಳುತ್ತೆ. ಆ್ಯಪ್ ಕಂಪನಿಗಳಿಗೆ ಅದೇ ಕಟ್ಟುಪಾಡು ಇಲ್ಲ. ಹೆಸರು, ಮನೆತನದ ಜಗಳ, ಫೋಟೊ ಯಾವುದನ್ನೂ ಅಲ್ಲಿ ಹಾಕಬೇಡಿ. ರಾತ್ರಿ ಒಂದು ಹೊತ್ತು ಗೊತ್ತುಮಾಡಿ ಮುಚ್ಚಿ, ನಿದ್ದೆಯನ್ನು ತಿನ್ನಲು ಬಿಡಬೇಡಿ. ಅಲ್ಲಿ ಬರೆದ ಹತ್ತು ಮಾತಿನಲ್ಲಿ ಒಂದನ್ನು ಮರುದಿನ ಒಬ್ಬ ಮನುಷ್ಯರಿಗೆ ಹೇಳುತ್ತೇನೆ ಎಂದು ಇಟ್ಟುಕೊಳ್ಳಿ.

ಮೂರು-ನಾಲ್ಕು ತಿಂಗಳು ಇಷ್ಟನ್ನೂ ಮಾಡಿ ನೋಡಿದ ಮೇಲೂ ಯಾರ ಮುಖ ನೋಡಿದರೂ ನನ್ನನ್ನು ಬೇಡ ಅನ್ನುತ್ತಿದ್ದಾರೆ ಅನ್ನಿಸಿದರೆ ಸಮಾಲೋಚಕರ ಹತ್ತಿರ ಬನ್ನಿ. ಆ ಓದನ್ನು ಒಂದೊಂದಾಗಿ ಬಿಡಿಸಿ ನೋಡುವ ಚಿಕಿತ್ಸೆ ಇದೆ. ಮಾತಿನ ಚಿಕಿತ್ಸೆಯೇ, ಮಾತ್ರೆ ಇಲ್ಲ. ಹತ್ತು-ಹನ್ನೆರಡು ಸಲ ಬರಬೇಕಾಗಬಹುದು. ಶುರುವಿನಲ್ಲಿ ಮನಸ್ಸು ಇನ್ನೂ ಕದಡಿದಂತೆ ಅನ್ನಿಸುವುದುಂಟು, ಅದನ್ನು ಮೊದಲೇ ತಿಳಿದಿರಿ.

ಮಗಳ ಮಾತು. ಹದಿನೈದರ ಮಗು ಬಾಗಿಲು ಹಾಕಿಕೊಳ್ಳುವುದು ಒಂದೇ ಆದರೆ ಅದು ವಯಸ್ಸಿನದು. ಹತ್ತನೇ ತರಗತಿಯ ಓದೂ ಇದೆ. ಅವಳಿಗೆ ಶಾಲೆಯಲ್ಲಿ ಒಬ್ಬಳಾದರೂ ಗೆಳತಿ ಇದ್ದಾಳಾ, ಹೆಸರು ಹೇಳುತ್ತಾಳಾ, ಫೋನಿನಲ್ಲಿ ನಗುವ ದನಿ ಕೇಳುತ್ತಾ ನೋಡಿ. ಇದ್ದರೆ ಬಾಗಿಲು ಹಾಗೇ ಇರಲಿ. ಶಾಲೆಗೆ ಹೋಗಲು ಹೊಟ್ಟೆನೋವು ಅನ್ನುವುದು, ಗೆಳತಿಯರ ಹೆಸರೇ ನಿಂತುಹೋಗುವುದು, ಊಟ ಬಿಡುವುದು, ಸೆಕೆಯಲ್ಲೂ ತೋಳು ಮುಚ್ಚುವ ಬಟ್ಟೆ ಹಾಕುವುದು ಕಂಡರೆ ಬೈಯದೆ, ತಡಮಾಡದೆ ವೈದ್ಯರಲ್ಲಿಗೆ ಕರೆದೊಯ್ಯಿರಿ. ಫೋನ್ ಕಸಿದುಕೊಳ್ಳುವುದು ಮೊದಲ ಉಪಾಯ ಆಗದಿರಲಿ. ಅವಳ ಗೆಳತಿಯರು ಈಗ ಅದರಲ್ಲೇ ಇದ್ದಾರೆ. ರಾತ್ರಿ ಮಲಗುವಾಗ ಎಲ್ಲರ ಫೋನೂ ಹಾಲ್‌ನಲ್ಲಿರಲಿ, ನಿಮ್ಮದೂ ಸೇರಿ. ಭಾನುವಾರ ಅವಳ ಇಬ್ಬರು ಗೆಳತಿಯರನ್ನು ಮಿರ್ಚಿ ಭಜಿಗೆ ಕರೆಯಲು ಹೇಳಿ, ಅವರ ತಾಯಂದಿರೂ ಬಂದರೆ ಬರಲಿ.